ಗೋಡೆಯಾಚೆಯ ಮೂರು ಬಡಿತ

ಪಕ್ಕದ ಮನೆ ಕೊಂಡವರು ಕಳೆದ ವಾರ ಅದನ್ನು ಕೆಡವಲು ಶುರು ಮಾಡಿದರು. ಹಳೆಯ ಅಡುಗೆಮನೆಯ ಜಂತೆ ಕೆಳಗೆ ಬಿದ್ದಾಗ ಜಾಲಿ ಸೌದೆಯ ಮಸಿ ವಾಸನೆ ಗಪ್ಪನೆ ನನ್ನ ಮೂಗಿಗೆ ಬಡಿಯಿತು. ಆ ಮನೆಯಲ್ಲಿ ಒಲೆ ಹೊತ್ತಿ ಎಷ್ಟೋ ವರ್ಷಗಳಾಗಿವೆ. ಆದರೂ ಯಾರೋ ಈಗಷ್ಟೇ ಅನ್ನಕ್ಕೆ ಇಟ್ಟಿದ್ದಾರೆ ಅನ್ನಿಸಿತು...

ಅಲ್ಲಿದ್ದವಳನ್ನು ನಾವು ಪಕ್ಕದ ಮನೆ ತಂಗಿ ಅನ್ನುತ್ತಿದ್ದೆವು. ಹೊಸದುರ್ಗದ ನಮ್ಮ ಓಣಿಯಲ್ಲಿ ಎರಡೂ ಮನೆಗೆ ಒಂದೇ ಗೋಡೆ, ಮೊಳಕ್ಕೂ ಮಿಕ್ಕಿ ದಪ್ಪದ ಮಣ್ಣಿನ ಗೋಡೆ. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅಂತಾರೆ. ಅವರದು ಕೋರ್ಟಿನ ತನಕ ಹೋಯಿತು. ಗಂಡ ಮನೆ ಮಾರಬೇಕೆಂದು ಹೊರಟಿದ್ದ, ಇವಳನ್ನು ಹೊರಗೆ ಹಾಕಿದ್ದ. ಅವಳು ಆ ಮನೆಯಲ್ಲೇ ವಾಸ ಮಾಡಬಹುದು ಎಂದು ಕೋರ್ಟು ಆದೇಶ ಕೊಟ್ಟಿತು. ಅವಳು ಒಂದು ಟ್ರಂಕು ಹಿಡಿದು ವಾಪಸ್ಸು ಬಂದಳು. ಅವನು ತಾಯಿಯನ್ನು ಕರೆದುಕೊಂಡು ಚಿತ್ರದುರ್ಗಕ್ಕೆ ಹೊರಟುಹೋದ. ಹೋಗುವಾಗ ಗ್ಯಾಸ್ ಸಿಲಿಂಡರ್ ಒಯ್ದ, ಕರೆಂಟು ತೆಗೆಸಿದ.

ಬಂದ ಹೊಸತರಲ್ಲಿ ಒಮ್ಮೆ ಅವಳು ಅಂಗಡಿಗೆ ಹೋಗಿ ಬರುವಷ್ಟರಲ್ಲಿ ಅವನು ಬಂದು ಬಾಗಿಲಿಗೆ ಬೇರೆ ಬೀಗ ಜಡಿದಿದ್ದ. ಪೊಲೀಸರು ಬಂದು ತೆಗೆಸಬೇಕಾಯಿತು. ಆಮೇಲೆ ಅವಳು ಹೊಸ್ತಿಲು ದಾಟಲೇ ಇಲ್ಲ. ಒಳಗಿನಿಂದ ಅಗುಳಿ ಹಾಕಿಕೊಂಡು ಕೂತಳು. ನನ್ನ ಹೆಂಡತಿ ಹಿತ್ತಲ ಗೋಡೆಯ ಮೇಲೆ ಹಿಟ್ಟು, ಬೇಳೆ, ಒಂದಿಷ್ಟು ಜಾಲಿ ಸೌದೆ ಇಟ್ಟು ಬರುತ್ತಿದ್ದಳು. ಬೆಳಿಗ್ಗೆ ನೋಡಿದರೆ ಪಾತ್ರೆ ತೊಳೆದು ಬೋರಲು ಹಾಕಿರುತ್ತಿತ್ತು. ಇಟ್ಟ ಕೈಯನ್ನು ನಾವು ಯಾರೂ ಕಾಣಲಿಲ್ಲ. ಕತ್ತಲೆ ಮನೆ, ಮಾತಿಲ್ಲ, ಕೆಮ್ಮಿಲ್ಲ; ಹೆಂಚಿನ ಸಂದಿಯಿಂದ ಹೊಗೆ ಮಾತ್ರ ಏಳುತ್ತಿತ್ತು.

ಬಾಗಿಲು ಮುಚ್ಚಿಕೊಳ್ಳುವ ಮುನ್ನ ಅವಳು ನನಗೊಂದು ಮಾತು ಹೇಳಿದ್ದಳು.

"ಅಣ್ಣಾ, ದಿನಾ ದೀಪ ಹಚ್ಚೋ ಹೊತ್ತಿಗೆ ಗೋಡೆಗೆ ಮೂರು ಸಲ ಬಡಿತೀನಿ. ನಾ ಇಲ್ಲೇ ಅದೀನಿ ಅಂತ ಒಬ್ರಿಗಾದ್ರೂ ಗೊತ್ತಿರ್ಲಿ. ನೀವೂ ಒಂದ್ಸಲ ಬಡೀರಿ, ಸಾಕು."

ನಾನು ಹೂಂ ಅಂದೆ. ಅಂದದ್ದಷ್ಟೇ. ಸಂಜೆಯಾಗುತ್ತಿದ್ದಂತೆ ಧಡ್, ಧಡ್, ಧಡ್ ಎಂದು ಕೇಳುತ್ತಿತ್ತು, ಒನಕೆಯ ತುದಿಯಿಂದ ಕುಟ್ಟಿದ ಹಾಗೆ. ಆಮೇಲೆ ಆ ಕಡೆ ಯಾರೋ ಉಸಿರು ಹಿಡಿದು ಕಾಯುತ್ತಿದ್ದಾರೆ ಅನ್ನಿಸುವಂಥ ಮೌನ. "ಒಂದ್ಸಲ ಬಡೀರಿ ಅತ್ಲಾಗೆ, ಕೈಯೇನು ಸವೀತೈತಾ?" ಎಂದು ಹೆಂಡತಿ ಬೈಯುತ್ತಿದ್ದಳು. ಆಗತಾನೇ ಗೋಡೆಗೆ ಬಣ್ಣ ಹೊಡೆಸಿದ್ದೆ, ಚಕ್ಕೆ ಏಳುತ್ತದೆ ಎಂದು ನೆವ ಹೇಳಿದೆ. ನಿಜ ಹೇಳಬೇಕೆಂದರೆ ನನಗೆ ಹೆದರಿಕೆಯಿತ್ತು, ಅವಳ ಗಂಡನದೂ, ಆ ಸದ್ದಿನದೂ.

ಅವಳು ಆ ಮನೆಯಲ್ಲಿ ಇಲ್ಲವೇ ಇಲ್ಲ, ಶ್ರೀರಾಂಪುರದ ತವರಲ್ಲಿದ್ದಾಳೆ, ಆದೇಶ ರದ್ದಾಗಲಿ ಎಂದು ಅವನು ಅರ್ಜಿ ಹಾಕಿದ. ಅವಳ ವಕೀಲರು ನನ್ನನ್ನು ಸಾಕ್ಷಿಗೆ ಕರೆದರು. ಹಿಂದಿನ ದಿನ ಅವನು ನಮ್ಮ ಜಗಲಿಗೆ ಬಂದು ಕೂತ. "ಗೋಡೆ ಇಬ್ರದ್ದೂ ಒಂದೇ ಐತೆ ಸಾರ್. ನಾಳೆ ದಿನ ನಾವು ನಾವು ಮುಖ ನೋಡ್ಬೇಕು" ಎಂದು ನಗುತ್ತಾ ಹೇಳಿ ಎದ್ದುಹೋದ.

ಅವಳು ಕೋರ್ಟಿಗೆ ಬಂದಿರಲಿಲ್ಲ. ಬಂದರೆ ಹಿಂದೆಯೇ ಬೀಗ ಬೀಳುತ್ತದೆಂದು ಮನೆ ಕಾಯುತ್ತಾ ಕೂತಿದ್ದಳು, ಪಾಪ.

"ಮೂರು ತಿಂಗಳಿಂದ ಆಕೆಯನ್ನು ಕಣ್ಣಾರೆ ನೋಡಿದ್ದೀರಾ?" ಎಂದು ಅವನ ವಕೀಲರು ಕೇಳಿದರು.

"ಇಲ್ಲ" ಅಂದೆ.

ಅವಳ ವಕೀಲರು ಎದ್ದು, ಬೇರೆ ಏನಾದರೂ ಹೇಳುವುದಿದೆಯಾ ಎಂದರು. ಹೊಗೆ ಇತ್ತು, ತೊಳೆದಿಟ್ಟ ಪಾತ್ರೆ ಇತ್ತು, ಆ ಮೂರು ಬಡಿತ ಇತ್ತು. ಹಿಂದಿನ ಬೆಂಚಿನಿಂದ ಅವನು ನನ್ನನ್ನೇ ನೋಡುತ್ತಿದ್ದ. "ಏನಿಲ್ಲ ಸ್ವಾಮಿ" ಅಂದೆ. ಹೈಸ್ಕೂಲು ಗುಮಾಸ್ತನಾಗಿ ಒಂದು ಸುಳ್ಳು ಬರೆದವನಲ್ಲ ಎಂದು ಜಂಬ ಕೊಚ್ಚುತ್ತಿದ್ದವನು ನಾನು. ಅವತ್ತೂ ಸುಳ್ಳು ಹೇಳಲಿಲ್ಲ ನೋಡಿ...

ಆದೇಶ ರದ್ದಾಯಿತು. ಅವಳ ತಮ್ಮ ಆಟೋ ತಂದ. ಎಷ್ಟೋ ತಿಂಗಳ ಮೇಲೆ ಬಿಸಿಲಿಗೆ ಬಂದ ಅವಳ ಮುಖ ಸುಣ್ಣದ ಹಾಗೆ ಬಿಳಚಿಕೊಂಡಿತ್ತು. "ಬರ್ತೀನಿ ಅಣ್ಣಾ" ಅಂದಳು. ಬೈದಿದ್ದರೆ ಎಷ್ಟೋ ವಾಸಿಯಿತ್ತು.

ಮಾರನೆಯ ಸಂಜೆ ಹೆಂಡತಿ ದೇವರಿಗೆ ದೀಪ ಹಚ್ಚುತ್ತಿದ್ದಳು. ಧಡ್, ಧಡ್, ಧಡ್. ಅವಳ ಕೈಯಲ್ಲಿದ್ದ ಬೆಂಕಿಕಡ್ಡಿ ಹಾಗೇ ಉರಿದುಹೋಯಿತು. ಹೊರಗೆ ಹೋಗಿ ನೋಡಿದೆ, ಬಾಗಿಲಿಗೆ ಹಾಕಿದ ಬೀಗ ಹಾಗೇ ಇತ್ತು. ದಿನಾ ಹೀಗೇ ಆಯಿತು. ಹೆಗ್ಗಣವೆಂದೆ, ಜಂತೆ ಸೀಳು ಬಿಡುತ್ತಿದೆ ಎಂದೆ. ಹೆಗ್ಗಣ ಮೂರೇ ಸಲ ಬಡಿದು ಸುಮ್ಮನಾಗುತ್ತದೆಯೇ? ಒಂದು ಸಂಜೆ ತಡೆಯಲಾಗದೆ ಎದ್ದು ಗೋಡೆಗೆ ಬೆರಳ ಗೆಣ್ಣಿನಿಂದ ಒಮ್ಮೆ ಬಡಿದೆ.

ಅಲ್ಲಿಗೆ ನಿಂತಿತು. ಮತ್ತೆಂದೂ ಕೇಳಲಿಲ್ಲ.

ಅವಳು ತವರಲ್ಲಿ ತೀರಿಕೊಂಡಳೆಂಬ ಸುದ್ದಿ ಆಮೇಲೆ ಬಂತು. ನಾನು ಗೋಡೆ ಬಡಿದ ಅದೇ ವಾರ ಎನ್ನುತ್ತಾಳೆ ನನ್ನ ಹೆಂಡತಿ. ನಾನು ವಿಚಾರಿಸಲು ಹೋಗಲಿಲ್ಲ.

ಮೊನ್ನೆ ಮೇಸ್ತ್ರಿ ಕೂಗಿ ಕರೆದ. "ಇಲ್ ಬರ್ರಿ ಸಾರ್, ಇದೇನ್ ನೋಡ್ರಿ." ಅಡುಗೆಮನೆಯ ಕಡೆಯಿಂದ ಆ ಗೋಡೆಯಲ್ಲಿ ಎದೆಮಟ್ಟಕ್ಕೆ ಒಂದು ಗುಂಡಿಯಿತ್ತು, ಒಳಗೆಲ್ಲ ನುಣ್ಣಗೆ ಸವೆದಿತ್ತು. ಮೇಸ್ತ್ರಿ ಕೈ ತೂರಿಸಿದ, ಮೊಣಕೈತನಕ ಹೋಯಿತು.

"ಯಾರೋ ಕುಟ್ಟಿ ಕುಟ್ಟಿ ಮಾಡವ್ರೆ. ಇನ್ನ ನಾಕು ಬೆರಳು ಹೋಗಿದ್ರೆ ನಿಮ್ಮನೆಗೇ ಬರ್ತಿತ್ತು."

ಒಳಗೆ ಬಂದು ನನ್ನ ಕಡೆಯ ಗೋಡೆ ನೋಡಿದೆ. ಬಣ್ಣ ಒಂದು ಚಕ್ಕೆಯೂ ಎದ್ದಿರಲಿಲ್ಲ.