ನಾಲ್ಕು ಹೋಳಾದ ಚದುರಂಗ ಪುಸ್ತಕ

ಮೊದಲ ಪುಟದಿಂದ ಕೊನೆಯ ಪುಟದವರೆಗೆ ಯಾರೂ ಓದದ, ಓದಿದರೆ ತಲೆ ಕೆಡುವ ಪುಸ್ತಕಗಳು ನನಗೆ ಗೊತ್ತಿರುವ ಮಟ್ಟಿಗೆ ಮೂರು ಬಗೆಯವು: ನಿಘಂಟು, ರೈಲಿನ ವೇಳಾಪಟ್ಟಿ ಮತ್ತು ಚದುರಂಗದ ಆರಂಭದ ನಡೆಗಳನ್ನು ಕಲಿಸುವ ಪುಸ್ತಕ. ಮೊದಲ ಎರಡರ ಮೇಲೆ ನನ್ನ ತಕರಾರು ಯಾವತ್ತೂ ಇರಲಿಲ್ಲ. ನಿಘಂಟಿನ ಪದ ಇವತ್ತಲ್ಲದಿದ್ದರೆ ನಾಳೆ ಬಾಯಿಗೆ ಬರುತ್ತದೆ. ವೇಳಾಪಟ್ಟಿಯ ರೈಲು ತಡವಾಗಿಯಾದರೂ ಬರುತ್ತದೆ. ಮೂರನೆಯದನ್ನು ಮಾತ್ರ ಎದುರು ಸಿಕ್ಕಿದವರಲ್ಲೆಲ್ಲ ಹೀಯಾಳಿಸಿಕೊಂಡು ತಿರುಗಿದವನು ನಾನು. ಈಗ ಅದನ್ನೇ ಹೊಗಳಲು ಕೂತಿದ್ದೇನೆ. ಕಾಲೇಜಿನ ಚರ್ಚಾಕೂಟದಲ್ಲಿ ಪಳಗಿದವನಿಗೆ ಪಕ್ಷ ಬದಲಿಸುವುದು ಕಷ್ಟವಲ್ಲ. ಬದಲಿಸಿದ ಪಕ್ಷವನ್ನು ನಂಬುವುದು ಕಷ್ಟ. ಈ ಸಲ ನಂಬಿಯೇ ಮಾತಾಡುತ್ತಿದ್ದೇನೆ ಎಂದರೆ ನೀವು ನಂಬಬೇಕು.

ಇಂಥ ಪುಸ್ತಕವನ್ನು ಕಾಣದವರಿಗೆ ಒಂದೆರಡು ಮಾತು. ಚದುರಂಗದ ಮೊದಲ ಹತ್ತು ಹದಿನೈದು ನಡೆಗಳನ್ನು ಹೇಗೆ ಇಟ್ಟರೆ ಕ್ಷೇಮ, ಹೇಗೆ ಇಟ್ಟರೆ ಅಪಾಯ ಎಂಬುದನ್ನು ಎಲ್ಲೆಲ್ಲಿಯದೋ ಆಟಗಳಿಂದ ಹೆಕ್ಕಿ, ಸಾಲುಸಾಲಾಗಿ ಅಚ್ಚು ಹಾಕಿರುತ್ತಾರೆ. ಓದುವವನು ಅದರಲ್ಲಿ ತನ್ನ ಸ್ವಭಾವಕ್ಕೆ ಒಗ್ಗುವ ನಾಲ್ಕಾರು ದಾರಿಗಳನ್ನು ಆರಿಸಿ, ಬಿಳಿ ಕಾಯಿ ಬಂದರೆ ಇದು, ಕರಿ ಕಾಯಿ ಬಂದರೆ ಅದು ಎಂದು ಒಂದು ಗಂಟು ಕಟ್ಟಿಟ್ಟುಕೊಳ್ಳಬೇಕು. ನಮ್ಮ ಯಕ್ಷಗಾನದ ಭಾಗವತರು ‘ನನಗೆ ಇಂತಿಂಥ ಪ್ರಸಂಗ ಬಾಯಿಗೆ ಬರ್ತದೆ’ ಎನ್ನುತ್ತಾರಲ್ಲ, ಹಾಗೆ. ಉಳಿದ ಪುಟಗಳು ಉಳಿದವರಿಗೆ.

ನಮ್ಮ ಗುಂಪಿನಲ್ಲಿ ಇಂಥ ಪುಸ್ತಕ ಇದ್ದದ್ದು ಒಂದೇ, ಮಂಗಳೂರಿನ ಬಿಜೈಯ ಲಾರೆನ್ಸ್ ಮಾಸ್ಟ್ರ ಮನೆಯಲ್ಲಿ. ಬಹರೈನಿನಲ್ಲಿ ಕೆಲಸಕ್ಕಿದ್ದ ಅವರ ತಮ್ಮ ರಜೆಗೆ ಬರುವಾಗ ತಂದದ್ದು. ಮಾಸ್ಟ್ರು ಶಾಲೆಯಲ್ಲಿ ಲೆಕ್ಕ ಕಲಿಸುತ್ತಾರೆ. ಭಾನುವಾರ ಇಗರ್ಜಿಗೆ ಹೋಗಿ ಬಂದು, ಊಟ ಮುಗಿಸಿ, ಒಂದು ನಿದ್ದೆ ತೆಗೆದು ಅವರು ಎದ್ದರೆಂದರೆ ಅವರ ಜಗಲಿಯಲ್ಲಿ ನಾವು ಏಳೆಂಟು ಮಂದಿ ಚದುರಂಗದ ಹಲಗೆ ಬಿಚ್ಚುತ್ತೇವೆ. ಪುಸ್ತಕ ಬಂದ ಹೊಸತರಲ್ಲಿ ಎಲ್ಲರಿಗೂ ಅದು ಬೇಕು, ಒಬ್ಬ ಕೊಂಡುಹೋದರೆ ಮರಳಿ ತರುವ ಸುದ್ದಿಯೇ ಇಲ್ಲ. ಕೊನೆಗೆ ಮಾಸ್ಟ್ರು ತಮ್ಮ ವೃತ್ತಿಗೆ ತಕ್ಕ ಉಪಾಯ ಹುಡುಕಿದರು: ಭಾಗಾಕಾರ. ಹಂಪನಕಟ್ಟೆಯ ಬೈಂಡಿನವನಿಗೆ ಕೊಟ್ಟು ಪುಸ್ತಕವನ್ನು ನಾಲ್ಕು ಹೋಳು ಮಾಡಿಸಿ, ನಾಲ್ಕಕ್ಕೂ ಬೇರೆ ಬೇರೆ ರಟ್ಟು ಹಾಕಿಸಿದರು. ಒಂದೊಂದು ಹೋಳಿಗೆ ಇಬ್ಬರಂತೆ ಚೀಟಿ ಎತ್ತಿ ಹಂಚಿದರು. ಹೊಸ ಪುಸ್ತಕದ ಬೆನ್ನು ಬಿಡಿಸುವಾಗ ಆ ಬೈಂಡಿನವನಿಗೇ ಕೈ ಬರಲಿಲ್ಲವಂತೆ.

ಇದರ ಪರಿಣಾಮವನ್ನು ಪುಸ್ತಕ ಬರೆದವರು ಕನಸಿನಲ್ಲೂ ಊಹಿಸಿರಲಾರರು. ಯಾರಿಗೆ ಯಾವ ಹೋಳು ಬಂತೋ ಅದೇ ಅವನ ಸ್ವಭಾವವಾಯಿತು. ರಾಣಿಯ ಎದುರಿನ ಕಾಲಾಳನ್ನು ಮುಂದೆ ತಳ್ಳಿ ನಿಧಾನಕ್ಕೆ ಮನೆ ಕಟ್ಟುವ ಆಟಗಳು ಮೊದಲ ಹೋಳಿನಲ್ಲಿದ್ದವು. ಅದು ಸಿಕ್ಕಿದವರು ಮಾತಿನಲ್ಲೂ ನಿಧಾನವಾದರು. ನನ್ನ ಗೆಳೆಯ, ಹಂಚಿನ ಕಾರ್ಖಾನೆಯಲ್ಲಿ ಗುಮಾಸ್ತನಾಗಿದ್ದ ನಂತೂರಿನ ಸದಾನಂದ ಶೆಟ್ಟಿ, ಮೂರನೆಯ ಹೋಳಿನವನು. ಅದರಲ್ಲಿ ಇರುವುದೆಲ್ಲ ಕರಿ ಕಾಯಿಯವನು ಓರೆಯಿಂದ ಕೆಣಕುವ ಆಟ. ಅಲ್ಲಿಯವರೆಗೆ ಬಹಳ ಮರ್ಯಾದಸ್ಥನಾಗಿದ್ದ ಅವನು ಬಸ್ಸಿನ ಕಂಡಕ್ಟರನನ್ನೂ ಓರೆಯಿಂದಲೇ ಕೆಣಕತೊಡಗಿದ. ಗೋತ್ರ ಕೇಳುವ ಹಾಗೆ ನಾವು ಹೋಳು ಕೇಳತೊಡಗಿದೆವು. ಒಂದೇ ಹೋಳಿನ ಇಬ್ಬರು ಎದುರಾದರೆ ಸಗೋತ್ರದ ತೊಂದರೆ: ಅವನಿಗೆ ಗೊತ್ತಿರುವುದೆಲ್ಲ ಇವನಿಗೆ ಗೊತ್ತು, ಅರ್ಧ ಆಟ ಮುಗಿಯುವವರೆಗೂ ಇಬ್ಬರೂ ಆಕಳಿಸುತ್ತಾರೆ.

ನನಗೆ ಬಂದದ್ದು ನಾಲ್ಕನೆಯ ಹೋಳು. ಅದನ್ನು ನಾನು ಮುಟ್ಟಲಿಲ್ಲ. ಮಾಸ್ಟ್ರ ಕಪಾಟಿನಲ್ಲೇ ಬಿಟ್ಟೆ. ಬಿಟ್ಟದ್ದು ಸೋಮಾರಿತನದಿಂದಲ್ಲ, ಸಿದ್ಧಾಂತದಿಂದ ಎಂದು ಎಲ್ಲರಿಗೂ ಸಾರಿದೆ.

ಸಿದ್ಧಾಂತದಲ್ಲಿ ನನಗೊಬ್ಬ ಬೆಂಬಲಿಗರೂ ಇದ್ದರು, ಕದ್ರಿಯ ನನ್ನ ಸೋದರಮಾವ. ನನಗೆ ಚದುರಂಗ ಕಲಿಸಿದವರು ಅವರೇ. ಅವರದು ಹಳೆಯ ಕ್ರಮ: ಕಾಲಾಳು ಯಾವಾಗಲೂ ಒಂದೊಂದೇ ಮನೆ ನಡೆಯಬೇಕು. ಈಗಿನ ಕ್ರಮದಲ್ಲಿ ಅದು ಮೊದಲ ಸಲ ಎರಡು ಮನೆ ಹೋಗಬಹುದು, ಪುಸ್ತಕವೂ ಹಾಗೆಯೇ ಶುರುವಾಗುತ್ತದೆ. ಒಮ್ಮೆ ಆ ಮೊದಲ ನಡೆಯನ್ನು ಹಲಗೆಯ ಮೇಲೆ ತೋರಿಸಿದೆ. ಮಾವ ಕನ್ನಡಕ ಸರಿಮಾಡಿಕೊಂಡು ನೋಡಿ, ಕಾಲಾಳನ್ನು ಎತ್ತಿ ಒಂದು ಮನೆ ಹಿಂದೆ ಇಟ್ಟರು.

“ಇದು ಎಂತದು? ಎರಡು ಮನೆ ಹಾರುದಾ? ಮೊದಲನೇ ನಡೆಯಲ್ಲೇ ಮೋಸ ಉಂಟು. ಇನ್ನು ಒಳಗೆ ಎಂತೆಂತ ಉಂಟೋ!”

ಮಾವನ ವಾದ ತಪ್ಪು. ಆದರೆ ತೀರ್ಮಾನ ನನಗೆ ಬೇಕಾದದ್ದು. ಆದ್ದರಿಂದ ವಾದವನ್ನು ನಾನು ಪರೀಕ್ಷಿಸಲು ಹೋಗಲಿಲ್ಲ. ಚರ್ಚಾಪಟುಗಳ ನೀತಿ ಇದು.

ಮಾಸ್ಟ್ರಲ್ಲಿ ನಾನು ಹೂಡಿದ ವಾದ ಇದಕ್ಕಿಂತ ಚೂಪಾಗಿತ್ತು ಎಂದುಕೊಂಡಿದ್ದೇನೆ. “ಪುಸ್ತಕ ನೋಡಿ ಆಡುದು ಅಂದ್ರೆ ಬೇರೆಯವರ ಭಾಷಣ ಬಾಯಿಪಾಠ ಮಾಡಿ ಬಹುಮಾನ ತಕೊಂಡ ಹಾಗೆ ಮಾಸ್ಟ್ರೇ. ಆಟ ಆಡುವವನು ಯಾರು? ನಾನಾ, ಪುಸ್ತಕವಾ?”

ಮಾಸ್ಟ್ರು ಹಲಗೆಯಿಂದ ಕಣ್ಣೆತ್ತಲಿಲ್ಲ. “ನೀನು ಸ್ಟೇಜ್ ಹತ್ತಿದ ಕೂಡಲೇ ‘ಮಾನ್ಯ ಅಧ್ಯಕ್ಷರೇ, ನಿರ್ಣಾಯಕರೇ’ ಅಂತ ಶುರು ಮಾಡ್ತೀಯಲ್ಲ, ಅದು ನಿನ್ನ ಸ್ವಂತದ್ದಾ?”

“ಅದು ಮರ್ಯಾದೆಗೆ.”

“ಇದೂ ಮರ್ಯಾದೆಗೇ ಮಾರಾಯ. ಕುದುರೆಗಳನ್ನು ಹೊರಗೆ ತೆಗಿ, ರಾಜನನ್ನು ಮೂಲೆಯಲ್ಲಿ ಕೂರಿಸು. ಮತ್ತೆ ಬೇಕಾದಷ್ಟು ಜಗಳ ಮಾಡು.”

ಜಗಲಿಯಿಡೀ ನಕ್ಕಿತು. ನಕ್ಕದ್ದು ವಾದದ ಬಲಕ್ಕಲ್ಲ, ಮಾಸ್ಟ್ರು ಹೇಳಿದ ಧಾಟಿಗೆ ಎಂದು ನನಗೆ ನಾನೇ ತೀರ್ಪು ಕೊಟ್ಟುಕೊಂಡೆ.

ಅಷ್ಟರಲ್ಲಿ ಮೈಸೂರಿನ ಒಂದು ಚದುರಂಗ ಕೂಟದಿಂದ ಪಂದ್ಯಕ್ಕೆ ಕರೆ ಬಂತು. ನಾಲ್ಕು ಮಂದಿಯ ತಂಡ ಹೋಗಬೇಕು. ಮೂವರು ನಿಶ್ಚಯವಾದರು. ಉಳಿದ ಒಂದು ಸ್ಥಾನಕ್ಕೆ ನಾನು ಮತ್ತು ಸದಾನಂದ. ನಮ್ಮಿಬ್ಬರ ನಡುವೆ ಒಂದು ಆಟ, ಗೆದ್ದವನು ಮೈಸೂರಿಗೆ. ನನಗೆ ಮೈಸೂರಿನ ಆಸೆಗಿಂತ ದೊಡ್ಡದು ಇನ್ನೊಂದಿತ್ತು: ಪುಸ್ತಕ ಮುಟ್ಟದವನು ಪುಸ್ತಕ ಓದಿದವನನ್ನು ಹೊಡೆದ ಎಂದು ಜಗಲಿಯಲ್ಲಿ ಸಾಬೀತಾಗಬೇಕು. ಅದಕ್ಕಾಗಿ ನನ್ನದೇ ಒಂದು ನಡೆಯನ್ನು ಕಂಡುಹಿಡಿದಿದ್ದೆ. ಸ್ನಾನ ಮಾಡುವಾಗ ಹೊಳೆದದ್ದು. ಎರಡೂ ಪಕ್ಷದ ನಾಲ್ಕು ಕುದುರೆಗಳು ಹೊರಗೆ ಬಂದು ನಿಂತ ಕೂಡಲೇ ನನ್ನ ಒಂದು ಕುದುರೆ ಎದುರಿನವನ ನಡುಗಾಲಾಳನ್ನು ಹೊಡೆಯುತ್ತದೆ, ತಾನೂ ಸಾಯುತ್ತದೆ. ನೋಡಿದವರು ಹುಚ್ಚು ಎನ್ನಬೇಕು. ಆಮೇಲೆ ನನ್ನ ಎರಡು ಕಾಲಾಳುಗಳು ಮುಂದೆ ನುಗ್ಗಿ ಅವನ ಎರಡು ಕುದುರೆಗಳನ್ನು ಅಟ್ಟುತ್ತವೆ.

ಆಟದ ಭಾನುವಾರ ಬಿಳಿ ಕಾಯಿ ನನಗೆ ಬಂತು. ಅವನ ಓರೆ ಆಟಕ್ಕೆ ನಾನು ತಯಾರಾಗಿ ಬಂದಿರಬಹುದೆಂದು ಸದಾನಂದ ಅಂದು ನೇರವಾಗಿಯೇ ಆಡಿದ, ಎಲ್ಲವೂ ನಾನೆಣಿಸಿದ ಹಾಗೆಯೇ ನಡೆಯಿತು. ನನ್ನ ಕುದುರೆ ಸತ್ತಾಗ ಸದಾನಂದ “ಎಂತ, ಕಣ್ಣು ಕಾಣುದಿಲ್ವಾ ನಿಂಗೆ?” ಎಂದ. ಸ್ವಲ್ಪ ಹೊತ್ತಿಗೆ ಅವನ ಒಂದು ಕುದುರೆ ಹೊರಟ ಮನೆಗೇ ಮರಳಿತ್ತು, ರಾಜ ನಡುಬೀದಿಯಲ್ಲಿದ್ದ. ಅವನ ಮೂರನೆಯ ಹೋಳಿನಲ್ಲಿ ಇದಕ್ಕೆ ಉತ್ತರವಿರಲಿಲ್ಲ. ಗೆದ್ದೆ.

ಗೆದ್ದ ಮೇಲೆ ಭಾಷಣ ಮಾಡದಿರುವಷ್ಟು ಸಂಯಮ ನನಗೆಲ್ಲಿ? ಸ್ವಂತ ಬುದ್ಧಿಯ ಬಗ್ಗೆ ಶುರುಮಾಡಿದೆ. ಮಾಸ್ಟ್ರು ಎದ್ದು ಒಳಗೆ ಹೋಗಿ ನಾಲ್ಕನೆಯ ಹೋಳನ್ನು ತಂದು, ಪುಟ ಬಿಡಿಸಿ, ಬೆರಳಿಟ್ಟು ತೋರಿಸಿದರು. ಕುದುರೆಗಳೇ ಮೊದಲು ಹೊರಡುವ ಆಟಗಳ ಅಧ್ಯಾಯ. ಅದರ ಕೆಳಗೆ, ಇರುವೆ ಸಾಲಿನಂಥ ಅಕ್ಷರದಲ್ಲಿ, ಒಂದು ಅಡಿಟಿಪ್ಪಣಿ. ನನ್ನ ನಡೆ! ಪಕ್ಕದಲ್ಲಿ ಒಂದು ಪ್ರಶ್ನಾರ್ಥಕ ಚಿಹ್ನೆ, ಎಂದರೆ ಸಂಶಯಾಸ್ಪದ. ಮುಂದೆ ಒಂದೂವರೆ ಸಾಲಿನಲ್ಲಿ ಮದ್ದು: ಕರಿಯವನು ಹೆದರಿ ಓಡಬಾರದು, ಒಂಟೆಯನ್ನು ಹೊರಗೆ ತಂದು ಒಂದು ಕುದುರೆಯನ್ನು ಮರಳಿ ಒಪ್ಪಿಸಿಬಿಡಬೇಕು, ಆಗ ಬಿಳಿಯವನ ಆಟ ಕುಸಿಯುತ್ತದೆ.

ನಾನು ಪೆಚ್ಚಾದೆ ಎಂದು ನೀವು ಭಾವಿಸಬಹುದು. ಆದೆ, ನಿಜ. ಆದರೆ ಆ ಪೆಚ್ಚಿನ ಅಡಿಯಲ್ಲಿ ವಿಚಿತ್ರವಾದೊಂದು ಸಂತೋಷವೂ ಇತ್ತು. ನನ್ನಜ್ಜ ಹುಟ್ಟುವ ಮೊದಲೋ ಆಮೇಲೋ, ಹಿಮ ಬೀಳುವ ಯಾವುದೋ ಊರಿನಲ್ಲಿ, ನನ್ನ ಭಾಷೆಯ ಒಂದಕ್ಷರ ಕೇಳದ ಯಾವನೋ ಒಬ್ಬ ಇದೇ ಹುಚ್ಚು ಹಿಡಿದು ಕುದುರೆ ಕೊಟ್ಟಿದ್ದಾನೆ. ಅವನನ್ನೂ ಗೆಳೆಯರು ಕಣ್ಣು ಕಾಣುವುದಿಲ್ಲವೇ ಎಂದು ಕೇಳಿರಬೇಕು. ಮತ್ತೊಬ್ಬ ಪುಣ್ಯಾತ್ಮ ಅದನ್ನು ನಗದೆ, ಮರೆಯದೆ, ಬರೆದಿಟ್ಟಿದ್ದಾನೆ.

ನಾನು ಕೂಡಲೇ ಶರಣಾಗಲಿಲ್ಲ. “ಮೈಸೂರಿನವರು ಈ ಟಿಪ್ಪಣಿ ಓದಿರ್ತಾರೆ ಅಂತ ಎಂತ ಗ್ಯಾರಂಟಿ?” ಎಂದೆ.

ಸೋತ ಸದಾನಂದನೇ ಉತ್ತರಿಸಿದ: “ಅವರ ಪುಸ್ತಕ ಬೈಂಡಿನವನ ಕೈಗೆ ಹೋಗ್ಲಿಲ್ಲ ಮಾರಾಯ. ಇಡೀ ಉಂಟು.”

ಸ್ಥಾನ ಗೆದ್ದಿದ್ದೆ. ಗೆಲ್ಲಿಸಿದ ಆಯುಧವೇ ಕೈಯಿಂದ ಹೋಗಿತ್ತು. ಮೈಸೂರಿಗೆ ಹೋಗುವುದಕ್ಕೆ ಉಳಿದದ್ದು ಒಂದು ವಾರ, ಆ ವಾರದಲ್ಲಿ ನಾಲ್ಕನೆಯ ಹೋಳನ್ನು ನಾನು ಮನೆಗೆ ಕೊಂಡುಹೋದೆ. ಓದಿದ್ದು ತಪ್ಪು ಹುಡುಕಲಿಕ್ಕೆ. ಸಂಶಯವಾದಿಗೆ ಓದಲು ಬೇರೆ ಕ್ರಮ ಬರುವುದಿಲ್ಲ. ಹುಡುಕುತ್ತ ಹುಡುಕುತ್ತ ನಾನು ಆ ಪುಸ್ತಕಕ್ಕೆ ಒಲಿದುಬಿಟ್ಟೆ. ತನ್ನ ಮಾತಿನ ಮುಂದೆ ತಾನೇ ಪ್ರಶ್ನಾರ್ಥಕ ಚಿಹ್ನೆ ಹಾಕಿಕೊಳ್ಳುವ ಬೇರೆ ಯಾವ ಪುಸ್ತಕವನ್ನು ನೀವು ಕಂಡಿದ್ದೀರಿ? ಇಲ್ಲಿ ಯಾರೂ ದೊಡ್ಡವರಲ್ಲ. ಜಗತ್ತಿನ ಗಟ್ಟಿಗನೊಬ್ಬ ಆಡಿದ ನಡೆಯ ಕೆಳಗೇ ‘ಇದಕ್ಕಿಂತ ಅದು ಮೇಲಿತ್ತು’ ಎಂದು ಬರೆದಿರುತ್ತದೆ. ‘ಈ ಸ್ಥಿತಿ ಅಸ್ಪಷ್ಟ’ ಎಂದು ಲೇಖಕ ನಾಚಿಕೆಯಿಲ್ಲದೆ ಒಪ್ಪಿಕೊಳ್ಳುತ್ತಾನೆ. ನಾನು ಕೇಳಿದ ಯಾವ ಉಪನ್ಯಾಸಕರೂ, ಮಾಡಿದ ಯಾವ ಭಾಷಣದಲ್ಲಿ ನಾನೂ, ಆ ಪದವನ್ನು ಬಳಸಿದ್ದಿಲ್ಲ. ಬಾಯಿಪಾಠದ ಪುಸ್ತಕ ಎಂದು ನಾನು ಬಯ್ದದ್ದು ಎಂಥದ್ದನ್ನು? ಮುಗಿಯದ ಒಂದು ಚರ್ಚಾಕೂಟದ ವರದಿಯನ್ನು.

ಸದಾನಂದ ದಿನಾ ಸಂಜೆ ಕಾರ್ಖಾನೆ ಬಿಟ್ಟು ನೇರ ನಮ್ಮ ಮನೆಗೆ ಬರುತ್ತಿದ್ದ, ಎದುರು ಕೂತು ಮೈಸೂರಿನವನಾಗಿ ಆಡುತ್ತಿದ್ದ. ಸ್ಥಾನ ಕಳಕೊಂಡವನು ಇಷ್ಟು ಉತ್ಸಾಹದಿಂದ ಬರುವುದು ಕಂಡು ನನಗೇ ಸಂಕೋಚವಾಗಿ ಯಾಕೆಂದು ಕೇಳಿದೆ. ವೇಷವಿಲ್ಲದೆ ಕೂತು, ಭಾಗವತರ ಪದ್ಯಕ್ಕೆ ಅರ್ಥ ಹೇಳುವ ತಾಳಮದ್ದಳೆಯ ಮರುಳ ಅವನು. “ಪದ್ಯ ಪ್ರಸಂಗದ್ದು, ಅರ್ಥ ಹೇಳುವವನದ್ದು. ಪದ್ಯವೇ ಗೊತ್ತಿಲ್ಲದೆ ಅರ್ಥ ಹೇಳ್ಲಿಕ್ಕೆ ಕೂತ್ರೆ ಭಾಗವತರು ಎಂತ ಮಾಡ್ಬೇಕು? ನೀನು ಅಲ್ಲಿ ಕೂತು ಮಂಗಳೂರಿನ ಮರ್ಯಾದೆ ತೆಗಿಬಾರ್ದು, ಅಷ್ಟೇ,” ಎಂದ. ಹೊರಡುವ ದಿನ ತನ್ನ ಮೂರನೆಯ ಹೋಳನ್ನೂ ನನ್ನ ಚೀಲಕ್ಕೆ ತುರುಕಿದ.

ಮೈಸೂರಿನಲ್ಲಿ ನಾನು ಸೋತೆ. ಮೊದಲೇ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ನಿಮ್ಮ ಗಮನವೆಲ್ಲ ಅಲ್ಲೇ ಇರುತ್ತದೆ. ನಾನು ಹೇಳಬೇಕೆಂದಿರುವುದು ಸೋಲುವ ಮುಂಚಿನ ಒಂದು ಗಳಿಗೆಯನ್ನು.

ನನ್ನೆದುರು ಕೂತವರು ಕರಿ ಕೋಟಿನ, ಸಣಕಲು ದೇಹದ, ನಡುವಯಸ್ಸಿನ ಗೃಹಸ್ಥರು. ನಮಸ್ಕಾರ ಹೇಳಿದ್ದಷ್ಟೇ, ಮುಖ ನೋಡಲಿಲ್ಲ. ನಾನು ಕಾಲಾಳು ತಳ್ಳಿದೆ, ಅವರೂ ತಳ್ಳಿದರು. ಕುದುರೆ, ಕುದುರೆ. ಕುದುರೆ, ಕುದುರೆ. ನಾಲ್ಕೂ ಹೊರಗೆ ಬಂದು ನಿಂತವು. ನನ್ನ ಕೈ ತಾನಾಗಿಯೇ ಆ ಹುಚ್ಚು ನಡೆಯ ಕಡೆ ಹೋಯಿತು. ಬಿಜೈಯ ಜಗಲಿಯ ಗೆಲುವು ಇನ್ನೂ ಬೆರಳಲ್ಲಿತ್ತು. ಎದುರಿನವರು ಅಲುಗದೆ, ಬಸ್ಸು ಬರುವುದು ಖಂಡಿತ ಎಂದು ಗೊತ್ತಿರುವವರ ಹಾಗೆ ಕಾಯುತ್ತಿದ್ದರು. ಕೈ ಹಿಂದೆ ತೆಗೆದೆ. ಒಂಟೆಯನ್ನು ಹೊರಗೆ ತಂದೆ. ಅವರ ಹುಬ್ಬು ಒಂದಿಷ್ಟೇ ಏರಿತು.

ಅಲ್ಲಿಂದ ನಾವಿಬ್ಬರೂ ಅಕ್ಕಪಕ್ಕ ನಡೆದೆವು. ಅವರು ಮುಂದಿನದನ್ನು ಇಡುವ ಮೊದಲೇ ನನಗೆ ಗೊತ್ತು, ನಾನು ಇಡುವ ಮೊದಲೇ ಅವರಿಗೆ ಗೊತ್ತು. ಬಿಜೈಯಲ್ಲಾದರೆ ನಾವು ಆಕಳಿಸುತ್ತಿದ್ದೆವು. ಇಲ್ಲಿ ಮಾತ್ರ, ಹೆಸರೂ ಸರಿಯಾಗಿ ತಿಳಿಯದ ಒಬ್ಬರ ಜೊತೆ ಕತ್ತಲೆಯ ದಾರಿಯಲ್ಲಿ ಒಂದೇ ದೀಪ ಹಿಡಿದು ಹೋಗುತ್ತಿದ್ದೇನೆ ಎನಿಸಿತು. ಪುಸ್ತಕ ಕಲಿತವನು ಯೋಚಿಸುವುದಿಲ್ಲ ಎಂದು ಎಷ್ಟು ವೇದಿಕೆಗಳಲ್ಲಿ ಮೇಜು ಗುದ್ದಿ ಹೇಳಿದ್ದೆ! ಯಾರೂ ಯೋಚಿಸದ ಜಾಗಕ್ಕೆ ತಲುಪಬೇಕಾದರೆ ಯೋಚಿಸಿದವರ ದಾರಿಯಲ್ಲೇ ಅಲ್ಲಿಯತನಕ ಹೋಗಬೇಕು ಎಂಬುದು ಹೊಳೆದಿರಲಿಲ್ಲ. ಸ್ನಾನದ ಮನೆಯಿಂದ ಅಲ್ಲಿಗೆ ಅಡ್ಡದಾರಿಯಿಲ್ಲ.

ನಾನು ಕಲಿತ ಸಾಲಿನ ಕೊನೆಯ ನಡೆಯನ್ನು ಇಟ್ಟು ಕೈ ತೆಗೆದೆ. ಆಗ ಅವರು ಮೊದಲ ಬಾರಿಗೆ ತಲೆಯೆತ್ತಿ ನನ್ನ ಮುಖ ನೋಡಿದರು.

“ನೀವು ಓದಿರೋದ್ರಲ್ಲಿ ಇಲ್ಲಿಂದ ಮುಂದೆ ಏನಾದ್ರೂ ಇದೆಯೇನ್ರಿ?” ಪಿಸುದನಿಯಲ್ಲಿ ಕೇಳಿದರು.

“ಇಲ್ಲ ಸಾರ್.”

“ನನಗೂ ಇಲ್ಲ,” ಎಂದು ಕೋಟು ಬಿಚ್ಚಿ ಕುರ್ಚಿಯ ಬೆನ್ನಿಗೆ ಹಾಕಿ, ತೋಳು ಮಡಿಸಿಕೊಂಡು ಹಲಗೆಯ ಹತ್ತಿರಕ್ಕೆ ಸರಿದರು. “ಸರಿ, ಈಗ ಆಡೋಣ.”