ಮುಲ್ತಾನದ ಸುಬೇದಾರನಿಗೊಂದು ಎಡೆ

ಹಿರಿಯರ ಅಮಾವಾಸ್ಯೆಯ ದಿನ ದೇವದುರ್ಗದ ನಮ್ಮ ಮನೆಯಲ್ಲಿ ಹೋಳಿಗೆ ಮಾಡುತ್ತಿದ್ದೆ. ಮಗಳು ಪರೀಕ್ಷೆಯ ಪಾಠ ಜೋರಾಗಿ ಓದುತ್ತಿದ್ದಳು. ಇನ್ನೂರು ವರ್ಷದ ಹಿಂದೆ ಸಿಖ್ಖರ ಸೈನ್ಯ ಮುಲ್ತಾನದ ಕೋಟೆ ಒಡೆದು ನುಗ್ಗಿದಾಗ ಅಲ್ಲಿನ ಮುದುಕ ಆಫ್ಘನ್ ಸುಬೇದಾರ, ಅಂದರೆ ಆ ಪ್ರಾಂತ್ಯ ಆಳುತ್ತಿದ್ದವನು, ಶರಣಾಗಲಿಲ್ಲವಂತೆ. ಮಕ್ಕಳ ಜೊತೆ ಬಾಗಿಲಲ್ಲೇ ಕಾದಾಡಿ ಸತ್ತನಂತೆ.

ನಮ್ಮ ಹಿರಿಯರಿಗೆ ಎಡೆ ಇಡುವಾಗ ಆ ಸುಬೇದಾರ ಮತ್ತು ಅವನ ಮಕ್ಕಳ ಹೆಸರಿನಲ್ಲೂ ಒಂದು ಎಲೆ ಹಾಕಿದೆ.

"ಇದು ಯಾರಿಗೆ ಬೇ?" ಅಂದರು ಅತ್ತೆ.

ಹೇಳಿದೆ.

"ಪಠಾಣರಿಗೆ ನಿನ್ನ ಹೋಳಿಗಿ ಎಲ್ಲಿ ಸಾಕಾಗ್ತದ? ನಮ್ಮ ಹಿರಿಯರು ಸಿಟ್ಟಾದ್ರ?"

"ತಂದಿ ಸಂಗಾಟ ಮಕ್ಕಳೂ ಹೋದ್ರರೀ ಅತ್ತಿ. ಅವರಿಗೆ ಎಡಿ ಇಡಾವ್ರು ಯಾರದಾರ?"

ಹರೆಯದ ಮಗನನ್ನು, ನನ್ನ ಮೈದುನನನ್ನು, ಕಳೆದುಕೊಂಡಿದ್ದ ಅತ್ತೆ ತಾವೇ ಆ ಎಲೆಗೂ ತುಪ್ಪ ಬಡಿಸಿ ಕೈಮುಗಿದರು. ದೇವರು ದೊಡ್ಡವನು, ಅವತ್ತು ಆ ಪಠಾಣರಿಗೂ ನಮ್ಮ ಹಿರಿಯರ ಸಾಲಿನಲ್ಲಿ ಜಾಗ ಸಿಕ್ಕಿತು.